ಖಂಡೆಪ್ಪ ಕೊರೆದ ಅಕ್ಷರ

ಚೆಂದ ಯಾವುದು ಎಂದು ಕೇಳಿದ್ದರೆ ಹೇಳಿಬಿಡಬಹುದಿತ್ತು. ಇವರು ಕೇಳುತ್ತಿರುವುದು ಶ್ರೀಮಂತವಾಗಿ ಕಾಣುವುದು ಯಾವುದು ಎಂದು. ಅದನ್ನು ಸಾಲಿ ಮಾಸ್ತರನೊಬ್ಬ ಹೇಗೆ ಹೇಳಬೇಕು? ಹೇಳಿದ್ದು ತಪ್ಪಾದರೆ? ಗೋಪಾಲರಾಯ ಎರಡು ಹಾಳೆಗಳನ್ನು ಕಿಟಕಿಯ ಬೆಳಕಿಗೆ ಹಿಡಿದು ನಿಂತೇ ಇದ್ದ. ಅವನ ಬೆನ್ನಹಿಂದೆ ಕಂಪನಿಯ ಏಜೆಂಟ್ ಸಾಹೇಬರು ಕುರ್ಚಿಯಲ್ಲಿ ಕೂತು ಕಾಯುತ್ತಿದ್ದರು.

ನಿಜಾಮ ಸರಕಾರದ ರಜತೋತ್ಸವ ಮುಗಿದ ಮರುವರ್ಷದ ಮಾತು. ಹೈದರಾಬಾದಿನಲ್ಲಿ ಬಂಗಲೆಯ ಮೇಲೆ ಬಂಗಲೆ ಏಳುತ್ತಿತ್ತು. ಶಹಾಬಾದಿನ ಕಲ್ಲನ್ನು ಕನ್ನಡಿಯಂತೆ ಹೊಳಪಿಸಿ ನವಾಬರ ಅಂಗಳಗಳಿಗೆ ಮಾರುತ್ತಿದ್ದ ‘ಶಾನ್-ಎ-ದಖನ್’ ಕಂಪನಿಗೆ ತನ್ನ ಮಾಲಿನ ಒಂದು ಪುಸ್ತಕ ಬೇಕಾಗಿತ್ತು. ದಪ್ಪ ಕಾಗದ, ಅಗಲವಾದ ಅಂಚು, ಪುಟಕ್ಕೆ ನಾಲ್ಕೇ ಸಾಲು ಇಂಗ್ಲಿಷು. ಅದಕ್ಕೆ ಒಪ್ಪುವ ಅಕ್ಷರ ಯಾವುದೆಂದು ಆರಿಸುವುದಕ್ಕೆ ಪ್ರಾಣೇಶರಾಯರ ಛಾಪಖಾನೆಯಲ್ಲಿ ಎಲ್ಲರೂ ಸೇರಿದ್ದರು. ಊರಲ್ಲಿ ಬಿ.ಎ. ಮಾಡಿದವನು ಗೋಪಾಲ ಒಬ್ಬನೇ ಎಂದು ಅವನನ್ನೂ ಕರೆಸಿದ್ದರು.

ಎಡಗೈಯ ಹಾಳೆಯಲ್ಲಿದ್ದುದು ಬೊಂಬಾಯಿಯಿಂದ ತರಿಸಿದ ಅಕ್ಷರ. ಅದರ ಪ್ರತಿ ಕಂಬದ ಅಡಿಗೂ ರೈಲು ಹಳಿಯ ಕೆಳಗಿನ ಮರದ ದಿಮ್ಮಿಯಂಥ ದಪ್ಪ ಪಾದ. ಬಲಗೈಯದು ಇದೇ ಛಾಪಖಾನೆಯ ಖಂಡೆಪ್ಪ ಉಕ್ಕಿನ ತುದಿಯಲ್ಲಿ ಕೊರೆದು, ತಾಮ್ರದಲ್ಲಿ ಬಡಿದು, ಸೀಸದಲ್ಲಿ ಎರಕ ಹೊಯ್ದದ್ದು. ಇದಕ್ಕೂ ಪಾದಗಳಿದ್ದವು. ಆದರೆ ಕೂದಲಿನಷ್ಟು ತೆಳುವು. ಅಂಟಿಸಿದ ಹಾಗೆ ಕಾಣುತ್ತಿರಲಿಲ್ಲ; ಕಂಬವೇ ನೆಲ ಮುಟ್ಟುವಾಗ ತುಸು ಹರಡಿಕೊಂಡ ಹಾಗಿತ್ತು. ದಪ್ಪ ಗೆರೆ ತೆಳುವಾಗುವ ಜಾಗದಲ್ಲಿ ಅಕ್ಷರ ಉಸಿರು ಬಿಗಿಹಿಡಿದಂತಿತ್ತು.

“ಇದು,” ಎಂದ ಗೋಪಾಲ, ಬಲಗೈ ಮುಂದೆ ಮಾಡಿ. “ಬೊಂಬಾಯಿದು ‘ನಾನು ಸಾಹುಕಾರ’ ಅಂತ ಒದರತದ. ಇದು ಒದರಂಗಿಲ್ಲ. ಓದಾವರೇ ಹತ್ರ ಬರಬೇಕು.”

ಏಜೆಂಟರು ಹಾಳೆಯನ್ನು ಬಹಳ ಹೊತ್ತು ನೋಡಿದರು. ಆಮೇಲೆ ಉರ್ದುವಿನಲ್ಲಿ, “ಒಪ್ಪಿದೆ. ಆದರೆ ನಾಳೆ ಇದೇ ಅಕ್ಷರ ಸೋಲಾಪುರದ ಬೀಡಿ ಕಟ್ಟಿನ ಮೇಲೆ ಕಂಡರೆ ನಮ್ಮ ಶಾನ್ ಎಲ್ಲಿ ಉಳಿಯಿತು? ಇದು ಇನ್ನೆಲ್ಲೂ ಇರಬಾರದು,” ಎಂದರು.

“ಉಕ್ಕು, ತಾಮ್ರದ ಅಚ್ಚು ಇಟ್ಟ ಡಬ್ಬಿ ನಿಮಗೇ ಬರಕೊಡ್ತೀನಿ,” ಎಂದರು ಪ್ರಾಣೇಶರಾಯರು.

“ಡಬ್ಬಿ ಬರೆದುಕೊಡುತ್ತೀರಿ. ಕೊರೆದವನ ಕೈಯನ್ನು?”

ರಾಯರು ನಕ್ಕರು. “ಅದನ್ನ ನನಗ ಬಿಡ್ರಿ.”

ಮೂಲೆಯಲ್ಲಿ ಭೂತಗನ್ನಡಿ ಕಣ್ಣಿಗೊತ್ತಿಕೊಂಡು ಕೂತಿದ್ದ ಖಂಡೆಪ್ಪ ತಲೆ ಎತ್ತಲಿಲ್ಲ. ಕಿವಿ ಮಾತ್ರ ಕೆಂಪಾಗಿತ್ತು. ಯಂತ್ರ ತಿರುಗಿಸುವ ಲಾಲ್ ಅಹ್ಮದ್ ಮೊಣಕೈಯಿಂದ ಅವನನ್ನು ತಿವಿದ. “ಕ್ಯಾ ಸಾಬ್, ಇನ್ನ ನೀ ಹೈದ್ರಾಬಾದಿಗೆ ಹೋಗಾವ. ನಾ ಇಲ್ಲೇ ಮಸಿ ಬಡಕೊಂಡು ಸಾಯಾವ.”

“ನೀ ಸಾಯಂಗಿಲ್ಲೋ ಮಾರಾಯಾ,” ಎಂದ ಖಂಡೆಪ್ಪ. “ನಿನ್ನ ಮೈಯಾಗ ರಕ್ತ ಎಲ್ಲದ? ಮಸೀನೇ ಅದ.”

ಇದು ಗುರುವಾರ. ಶುಕ್ರವಾರ ದೀಪ ಹಚ್ಚುವ ಹೊತ್ತಿಗೆ ಖಂಡೆಪ್ಪನ ಎರಡೂ ಕಣ್ಣು ಸುಟ್ಟುಹೋದವು.

ಭಾನುವಾರ ಬೆಳಿಗ್ಗೆ ಅವನ ಹೆಂಡತಿ ಪೀರಮ್ಮ ಗೋಪಾಲನ ಮನೆಯ ಕಟ್ಟೆಯ ಕೆಳಗೆ ಬಂದು ಕೂತಳು. ಅವಳು ಬಂದದ್ದು ಗೋಪಾಲನನ್ನು ಹುಡುಕಿಕೊಂಡಲ್ಲ, ಅವನ ಸೋದರತ್ತೆ ಸರಸ್ವತಿಬಾಯಿಯನ್ನು. ತಲೆತುಂಬ ಸೆರಗು ಹೊದ್ದ ಈ ವಿಧವೆ ಮಡಿ ಬಿಟ್ಟು ಹೊರಗೆ ಬರುತ್ತಿದ್ದುದು ಕಡಿಮೆ. ಆದರೂ ಚಿತ್ತಾಪುರದಲ್ಲಿ ಕಳುವಾದ ದೇವರ ಕಿರೀಟದಿಂದ ಹಿಡಿದು ಸೇಡಂನಲ್ಲಿ ಬಾವಿಗೆ ಬಿದ್ದ ಸೊಸೆಯವರೆಗೆ, ಯಾರೂ ಬಿಡಿಸಲಾಗದ ಗಂಟು ಕೊನೆಗೆ ಅವಳ ಅಂಗಳಕ್ಕೆ ಬರುತ್ತಿತ್ತು. ಅವಳ ಜೊತೆ ಓಡಾಡುವುದು, ಅವಳು ಮುಟ್ಟಲಾಗದ್ದನ್ನು ಮುಟ್ಟುವುದು ಗೋಪಾಲನ ಕೆಲಸ.

“ಅವ್ವಾರ, ಕಣ್ಣು ತಿರುಗಿ ಬರಂಗಿಲ್ಲಂತ ವಾಡಿ ಡಾಕ್ಟರು ಹೇಳಿಬಿಟ್ಟಾರ್ರಿ,” ಎಂದಳು ಪೀರಮ್ಮ. ಅಳುತ್ತಿರಲಿಲ್ಲ. ಅಳು ಮುಗಿದಿತ್ತು. “ಅದನ್ನ ಕೇಳಾಕ ಬಂದಿಲ್ಲ. ಅವ ಒಂದೇ ಸವನೆ ಅಚ್ಚಿನ ಡಬ್ಬಿ, ಅಚ್ಚಿನ ಡಬ್ಬಿ ಅನ್ನಾಕತ್ಯಾನ. ಕೈಯಾಗ ಹಿಡಕೊಂಡು ಕುಂದರ್ತೀನಿ, ಅಷ್ಟು ತಂದುಕೊಡು ಅಂತಾನ. ರಾಯರು ಕೊಡವಲ್ಲರು. ಕೇಳಿದ್ರ, ಲಾಲ್ ಅಹ್ಮದ್ ಮತ್ತ ನಿನ್ನ ಗಂಡ ಕೂಡಿ ಡಬ್ಬಿ ಹಾರಸಾಕ ಹೊಂಟಿದ್ರು, ಇಬ್ಬರಿಗೂ ಜಗಳಾಗಿ ಲಾಲ್ ಅಹ್ಮದ್ ಕಣ್ಣಿಗೆ ಕಾಸ್ಟಿಕ್ ಸೋಡಾ ಹಾಕ್ಯಾನ, ಕೋರ್ಟಿನ ಕೆಲಸ ಮುಗಿಯೂತನ ಡಬ್ಬಿ ಕೊಡಂಗಿಲ್ಲ ಅಂತಾರ.”

“ಲಾಲ್ ಅಹ್ಮದ್ ಎಲ್ಲಿದ್ದಾನ?”

“ಅಮೀನ್ ಸಾಹೇಬ್ರು ಠಾಣಾದಾಗ ಕುಂದ್ರಿಸ್ಯಾರ್ರಿ.”

ಸರಸ್ವತಿಬಾಯಿ ಗೋಪಾಲನ ಕಡೆ ತಿರುಗಿದಳು. “ಗೋಪ್ಯಾ, ಅಂಗಿ ಹಾಕ್ಕೋ. ಬಂದಮ್ಯಾಲ ನಾ ತಿರುಗಿ ಸ್ನಾನ ಮಾಡಿದ್ರಾತು.”

ಮೊದಲು ಠಾಣೆಗೆ ಹೋದರು. ಠಾಣೆಯ ಅಧಿಕಾರಿ ಅಮೀನ ಅಲ್ಲಾವುದ್ದೀನ ಸಾಹೇಬರಿಗೆ ಸರಸ್ವತಿಬಾಯಿ ಎಂದರೆ ಗೌರವವೂ ಇತ್ತು, ತಲೆನೋವೂ ಇತ್ತು. “ಬಾಯೀ ಸಾಹೇಬ್, ಇದರಾಗ ಏನೂ ಉಳದಿಲ್ರಿ. ಖಂಡೆಪ್ಪ ದಿನಾ ಮುಂಜಾನೆ, ಸಂಜೀಕ ಗುಲಾಬ್ ನೀರಲೇ ಕಣ್ಣು ತೊಳಕೋತಿದ್ದ. ಬಾಟಲಿ ತಂದಾವ ಇವ. ಛಾಪಾ ಆದಮ್ಯಾಲ ಅಕ್ಷರದ ಮೊಳಿ ತೊಳ್ಯಾಕ ಕಾಸ್ಟಿಕ್ ಹಿಡಿಯಾವ ಇವ,” ಎಂದರು.

ಲಾಲ್ ಅಹ್ಮದ್ ಗೋಡೆಗೊರಗಿ ಕೂತಿದ್ದ. “ಅವ್ವಾರ, ಖುದಾ ಕೀ ಖಸಂ. ಬಾಟಲಿ ನಾ ತಂದಿದ್ದು ಖರೇ. ಮುಂಜಾನೆ ಅವ ಅದರಲೇ ಕಣ್ಣು ತೊಳಕೊಂಡ, ಏನೂ ಆಗಲಿಲ್ಲ. ಕಾಸ್ಟಿಕ್ ಭರಣಿ ತಳದಾಗ ಒಂದು ಬಟ್ಟಲಷ್ಟು ಉಳದಿತ್ತು. ಮೊಳಿ ತೊಳ್ಯಾಕ ಅಷ್ಟೇ ಸಾಕು. ಹೊಸಾದು ಶನಿವಾರ ಬರೋದಿತ್ತು. ಮಧ್ಯಾಹ್ನ ಛಾಪಾ ಮುಗದಮ್ಯಾಲ ರಾಯರು, ನೀ ನಮಾಜಿಗೆ ಹೋಗು, ಮೊಳಿ ನಾ ತೊಳೀತೀನಿ ಅಂದ್ರು. ಹೋಗಿಬಂದೆ.”

“ಆಮ್ಯಾಲ ಭರಣಿ ನೋಡಿದೇನು?”

“ಖಾಲಿ ಇತ್ರಿ. ಮೊಳಿಗೆ ಹಾಕ್ಯಾರ ಅಂತ ತಿಳಕೊಂಡೆ.”

“ಸಂಜೀಕ ಹಿಂದಿನ ಖೋಲ್ಯಾಗ ಯಾರ್‍ಯಾರಿದ್ರಿ?”

“ನಾನು, ಖಂಡೆಪ್ಪ. ಮತ್ತ ಯಾರೂ ಬರಲಿಲ್ರಿ. ರಾಯರು ಬಾವಿ ನೀರಿಗೆ ಮಡೀಲೇ ಬಂದ್ರು ನೋಡ್ರಿ, ಅವಾಗಷ್ಟ ನಾವಿಬ್ರೂ ಹೊರಗ ಸರದು ನಿಂತ್ವಿ. ಅವರು ಹೋದಮ್ಯಾಲ ಒಳಗ ಬಂದ್ವಿ. ಅವ ಗೂಡಿನಾಗಿನ ಬಾಟಲಿ ತಗೊಂಡ, ಮಲಗಿ ಕಣ್ಣಾಗ ಸುರುವಿಕೊಂಡ...”

ಛಾಪಖಾನೆಯ ಹಿಂದೆಯೇ ರಾಯರ ಮನೆ. ನಡುವೆ ಹಿಂದಿನ ಕೋಣೆ, ಅದರಾಚೆ ಬಾವಿ. ಪ್ರಾಣೇಶರಾಯರು ಹಣೆಯ ಮೇಲೆ ಅಂಗಾರದ ಗೆರೆ ಇಟ್ಟುಕೊಂಡು, ದುಃಖದಿಂದಲೇ ಬಾಗಿಲಿಗೆ ಬಂದರು. ಮೊಳೆಗಳನ್ನು ಕಾಸ್ಟಿಕ್ ಹಾಕಿ ತಾವೇ ತೊಳೆದದ್ದು ನಿಜ ಎಂದರು. ಭರಣಿ ಅಲ್ಲಿಗೇ ಬರಿದಾಯಿತು. ಬಾಟಲಿಯಲ್ಲಿದ್ದುದು ಲಾಲ್ ಅಹ್ಮದ್ ಮೊದಲೇ ಕದ್ದಿಟ್ಟುಕೊಂಡದ್ದಿರಬೇಕು ಎಂದೂ ಸೇರಿಸಿದರು. ತೊಳೆದ ಮೊಳೆಗಳು ಚೌಕಟ್ಟಿನಲ್ಲಿ ಬಿಗಿದ ಹಾಗೆಯೇ ಹಾಸುಗಲ್ಲಿನ ಮೇಲಿದ್ದವು. ಶುಕ್ರವಾರದಿಂದ ಯಾರೂ ಮುಟ್ಟಿರಲಿಲ್ಲ. ಸರಸ್ವತಿಬಾಯಿ ಬಾಗಿ ನೋಡಿದಳು.

“ಗೋಪ್ಯಾ, ಒಂದು ತಂಬಿಗಿ ನೀರು ತಂದು ಇದರ ಮ್ಯಾಲ ಚಿಮಕಿಸು.”

ಗೋಪಾಲ ಚಿಮುಕಿಸಿದ. ನೀರು ಹನಿಹನಿಯಾಗಿ ಅಕ್ಷರಗಳ ನೆತ್ತಿಯ ಮೇಲೆ ನಿಂತಿತು. ಅವಳು ಅದನ್ನೂ ನೋಡಿಕೊಂಡಳು.

ಅಲ್ಲಿಂದ ರಾಯರ ಹೆಂಡತಿ ಶಾರದಾಬಾಯಿಯನ್ನು ಮಾತಾಡಿಸಲು ಹಿತ್ತಲಿಗೆ ಹೋದಳು. ಎತ್ತರದ ಗಳದ ಮೇಲೆ ರಾಯರ ಮಗುಟ ಒಣಗುತ್ತಿತ್ತು, ಪೂಜೆಯ ಮಡಿಗೆ ಉಡುವ ರೇಷ್ಮೆಯ ಧೋತರ. ಅಂಚಿನ ಹತ್ತಿರ ಕಾಳಿನಷ್ಟು ದೊಡ್ಡ ತೂತುಗಳು.

“ಏನವಾ ಶಾರದಾ, ಇಲಿ ಕಡೀತೇನು?”

“ಇಲಿ ಎಲ್ಲಿದು ಬಿಡ್ರಿ, ಇವರದೇ ಹುಷಾರಿ,” ಎಂದಳು ಶಾರದಾಬಾಯಿ. “ಶುಕ್ರವಾರ ಏಕಾದಶಿ ಸಂಜೀ ಪೂಜಿಗೆ ಹೊಸಾದು ಉಟ್ಟಿದ್ರು. ರಾತ್ರಿ ನೋಡ್ತೀನಿ, ತೂತು. ಆರತಿ ಕಿಡಿ ಬಿತ್ತು ಅಂದ್ರು. ನಮ್ಮಪ್ಪ ಕೊಟ್ಟ ಮಗುಟರೀ ಅದು.”

ದಾರಿಯಲ್ಲಿ ಗೋಪಾಲ ಕೇಳಿದ: “ಅತ್ಯಾ, ಏನರೆ ತಿಳೀತೇನು?”

“ತಿಳೀತು. ನೀ ಮೊದಲ ಹೇಳು, ಗುರುವಾರ ಅಲ್ಲಿ ಏನೇನು ಮಾತಾದವು? ಒಂದೂ ಬಿಡಬ್ಯಾಡ.”

ಗೋಪಾಲ ಹೇಳಿದ. ಕೊರೆದವನ ಕೈಯ ಮಾತು ಬಂದಾಗ ಸರಸ್ವತಿಬಾಯಿ ನಡೆಯುವುದನ್ನು ನಿಲ್ಲಿಸಿದಳು. ಆಮೇಲೆ ಎಂದಿಗಿಂತ ಜೋರಾಗಿ ನಡೆದಳು.

ಮಧ್ಯಾಹ್ನ ಎಲ್ಲರೂ ಛಾಪಖಾನೆಯಲ್ಲಿ ಸೇರಿದರು. ಗುರುವಾರ ಏಜೆಂಟರು ಕೂತಿದ್ದ ಕುರ್ಚಿಯಲ್ಲಿ ಅಮೀನರು ಕೂತರು. ಲಾಲ್ ಅಹ್ಮದ್ ಪೊಲೀಸಿನವನ ಪಕ್ಕದಲ್ಲಿ ನಿಂತ. ಕಣ್ಣಿಗೆ ಬಟ್ಟೆ ಕಟ್ಟಿದ್ದ ಖಂಡೆಪ್ಪನನ್ನು ಪೀರಮ್ಮ ಕೈಹಿಡಿದು ಕರೆತಂದಳು. ಒಳಗೆ ಬರುತ್ತಲೇ ಅವನು ಮೂಗರಳಿಸಿ ಮಸಿಯ ವಾಸನೆ ಹಿಡಿದ. ಗೋಪಾಲ ಬೇರೆ ಕಡೆ ನೋಡಿದ. ಶಾರದಾಬಾಯಿ ಮಗುಟ ಹಿಡಿದು ಬಾಗಿಲಲ್ಲಿ ನಿಂತಿದ್ದಳು, ಯಾಕೆಂದು ತಿಳಿಯದೆ. ಸರಸ್ವತಿಬಾಯಿ ಎಲ್ಲರಿಂದ ದೂರ, ಮಣೆಯ ಮೇಲೆ ಕೂತಳು.

“ಅಮೀನ್ ಸಾಹೇಬ್ರ, ಮೊದಲ ಇದನ್ನ ವಿಚಾರ ಮಾಡ್ರಿ. ಡಬ್ಬಿ ಕದಿಯಾವ ಡಬ್ಬಿ ಕದೀತಾನ. ಅದು ಅವತ್ತು ಇದ್ದಲ್ಲೇ ಇತ್ತು. ವೈರಿ ಇದ್ದಾವ ಕುಡಿಯೋ ನೀರಾಗ ವಿಷ ಹಾಕ್ತಾನ. ಇಲ್ಲಿ ಜೀವ ತಗೊಂಡಿಲ್ಲ, ಡಬ್ಬಿ ತಗೊಂಡಿಲ್ಲ, ಕಣ್ಣಷ್ಟೇ ತಗೊಂಡಾರ. ಹಂಗಾದ್ರ ಇವನ ಕಣ್ಣು ಇರೋದು ಯಾರಿಗೆ ಬ್ಯಾಡಾಗಿತ್ತು?”

ಅಮೀನರು ಕುರ್ಚಿಯಲ್ಲಿ ಮುಂದಕ್ಕೆ ಬಾಗಿದರು.

“ಅದು ಹಾಂಗೇ ಇರಲಿ. ಈಗ ಭರಣಿಗೆ ಬರೂಣು. ಅದರಾಗ ಒಂದೇ ಬಟ್ಟಲು ಕಾಸ್ಟಿಕ್ ಇತ್ತು. ಮೊಳಿಗೆ ಹಾಕಿದ್ರ ಬಾಟಲಿಗಿಲ್ಲ. ಬಾಟಲಿಗೆ ಹಾಕಿದ್ರ ಮೊಳಿಗಿಲ್ಲ. ಪ್ರಾಣೇಶಾ, ನೀ ಮೊಳಿ ಏನು ಹಾಕಿ ತೊಳದಿ?”

“ಕಾಸ್ಟಿಕ್ ಅಂತ ಹೇಳೇನಲ್ರೀ.”

“ಕಾಸ್ಟಿಕ್ ಎಣ್ಣಿ ಜಿಡ್ಡು ಉಳಿಸಂಗಿಲ್ಲೋ. ಉಳಿಸಿದ್ರ ಅದನ್ನ ಯಾಕ ಕೊಳ್ಳತಿದ್ದಿ? ಗೋಪ್ಯಾ, ಮತ್ತೊಮ್ಮೆ ನೀರು ಚಿಮಕಿಸು. ಅಮೀನ್ ಸಾಹೇಬ್ರು ನೋಡಲಿ.”

ಅಮೀನರು ಎದ್ದು ಬಂದರು. ಹನಿಗಳು ಮತ್ತೆ ದುಂಡಗೆ ನಿಂತವು.

“ಎಣ್ಣಿ ಸವರಿದ ಭಾಂಡಿ ಮ್ಯಾಲ ನೀರು ಹಿಂಗ ನಿಲ್ತದ. ಈ ಮೊಳಿ ಚಿಮಣಿ ಎಣ್ಣಿಲೇ ಒರಸಿದ್ದು. ಅಕ್ಷರದ ಪಾದದ ಸಂದಿನಾಗ ಇನ್ನೂ ಮಸಿ ಕೂತದ, ಭೂತಗನ್ನಡಿ ಹಿಡದು ನೋಡ್ರಿ. ಅಂದಮ್ಯಾಲ ಆ ಒಂದು ಬಟ್ಟಲು ಕಾಸ್ಟಿಕ್ ಎಲ್ಲಿ ಹೋತು? ಲಾಲ್ ಅಹ್ಮದ್ ನಮಾಜಿನಾಗಿದ್ದ. ಭರಣಿ ಹತ್ರ ತೊಳದಾಂವ ಒಬ್ಬನೇ ಇದ್ದ.”

ರಾಯರು ಕೈ ಮುಗಿದರು. “ಎಣ್ಣಿನೂ ಹಚ್ಚೇನಿ, ಕಾಸ್ಟಿಕ್ಕೂ ಹಚ್ಚೇನಿ. ನೆನಪಿರಲಿಲ್ಲ. ಒಂದು ಜಿಡ್ಡಿನ ಸಲುವಾಗಿ ನನ್ನ ಜೇಲಿಗೆ ಹಾಕ್ತೀರೇನು?”

“ಇಲ್ಲ. ಜಿಡ್ಡು ನೀ ಸುಳ್ಳ ಹೇಳ್ದಿ ಅನ್ನೋದಷ್ಟೇ ಹೇಳ್ತದ,” ಎಂದಳು ಸರಸ್ವತಿಬಾಯಿ. “ಇನ್ನು ಬಾಟಲಿ. ಮುಂಜಾನೆ ಅದು ಚಲೋ ಇತ್ತು. ಸಂಜೀತನ ಇವರಿಬ್ಬರಾಗ ಒಬ್ಬರರೆ ಆ ಖೋಲ್ಯಾಗ ಇದ್ರು. ಯಾರೂ ಬರಲಿಲ್ಲ ಅಂತಾನ ಲಾಲ್ ಅಹ್ಮದ್. ಆದರ ಒಬ್ಬರು ಬಂದಿದ್ರು. ಮಡೀಲೇ ಬಂದಿದ್ರು. ಮಡೀಲೇ ಬಂದವರನ್ನ ಯಾರೂ ಲೆಕ್ಕಕ್ಕ ಹಿಡ್ಯಂಗಿಲ್ಲ. ಮಡಿ ಮಡಿ ಅಂತ ಕೂಗಿದ ಕೂಡಲೇ ಎಲ್ಲಾರೂ ಹೊರಗ ಸರೀತಾರ, ನೆಲ ನೋಡ್ತಾರ. ಕೈಯಾಗಿನ ಗಿಂಡಿ ಒಳಗ ಏನದ ಅಂತ ಯಾರ ಕೇಳ್ತಾರ? ನನ್ನ ಜೀವಮಾನದಾಗ ನನ್ನ ಒಬ್ಬರೂ ಕೇಳಿಲ್ಲ. ಖೋಲಿ ಖಾಲಿ, ಗೂಡಿನಾಗ ಬಾಟಲಿ. ಅರ್ಧ ಗುಲಾಬ್ ನೀರು ಚೆಲ್ಲಿ ಅರ್ಧ ಇದನ್ನ ಹಾಕಿದ್ರ ವಾಸನಿನೂ ಬದಲಾಗಂಗಿಲ್ಲ.”

“ಬಾವಿ ನೀರಿಗೆ ಹೋದೆ. ದಿನಾ ಹೋಗ್ತೀನಿ!”

“ಹೌದು. ಆದರ ಮಡಿ ಅಂದ್ರ ರೇಷ್ಮೀ. ಹತ್ತೀ ಧೋತರ ಉಟ್ಟಿದ್ರ ನೀ ಉಳಕೋತಿದ್ದಿ ಪ್ರಾಣೇಶಾ. ಶಾರದಾ, ಆ ಮಗುಟ ಕೊಡವಾ.”

ಅವಳ ಮಾತಿನಂತೆ ಗೋಪಾಲ ಮಗುಟದ ಅಂಚಿನಿಂದ ಎರಡು ಎಳೆ ಕಿತ್ತ. ಒಂದನ್ನು ದೀಪಕ್ಕೆ ಹಿಡಿದ. ಅದು ಸುರುಟಿ ಕರ್‍ರಗೆ ಗಂಟಾಯಿತು, ಕೂದಲು ಸುಟ್ಟ ವಾಸನೆ ಬಂತು. “ಕಿಡಿ ಬಿದ್ದ ತೂತಿಗೆ ಇಂಥಾ ಕರೀ ಗಂಟಿರಬೇಕು. ಇದರಾಗ ಎಲ್ಲದ?” ಎಂದಳು ಸರಸ್ವತಿಬಾಯಿ. ಗೋಪಾಲ ಶನಿವಾರ ಬಂದ ಹೊಸ ಕಾಸ್ಟಿಕ್ಕನ್ನು ಬಿಸಿನೀರಲ್ಲಿ ಕದಡಿದ್ದ ಬಟ್ಟಲಿಗೆ ಎರಡನೆಯ ಎಳೆಯನ್ನೂ, ತನ್ನ ಧೋತರದ ಒಂದು ಹತ್ತಿಯ ಎಳೆಯನ್ನೂ ಹಾಕಿದ. ಎಲ್ಲರೂ ನೋಡುತ್ತ ನಿಂತರು. ರೇಷ್ಮೆ ಮೊದಲು ಹಳದಿಯಾಯಿತು, ಲೋಳೆಯಾಯಿತು, ಕೊನೆಗೆ ಇಲ್ಲವಾಯಿತು. ಹತ್ತಿ ಹಾಗೆಯೇ ತೇಲುತ್ತಿತ್ತು. ಗಳಿಗೆ ಬಿಟ್ಟು ಅಮೀನರು ಮಗುಟದ ತೂತಿನ ಅಂಚನ್ನು ಬೆರಳಿಂದ ಮುಟ್ಟಿದರು. ಅದು ಹಳದಿಯಾಗಿತ್ತು, ಮುಟ್ಟಿದಲ್ಲಿ ಪುಡಿಯಾಯಿತು.

“ರೇಷ್ಮೀನ ಸೋಡಾದಾಗ ಹಾಕಬಾರದು ಅಂತ ನಮ್ಮ ಹೆಣ್ಣುಮಕ್ಕಳಿಗೆ ಗೊತ್ತದ,” ಎಂದಳು ಸರಸ್ವತಿಬಾಯಿ. “ನಿನ್ನ ಮಡಿ ಒಗ್ಯಾಕಿ ಶಾರದಾ. ನಿನಗ ಹೆಂಗ ಗೊತ್ತಿರಬೇಕು? ಮೊಳಿ ತೊಳದಿದ್ದು ಮಧ್ಯಾಹ್ನ. ಮಗುಟ ಉಟ್ಟಿದ್ದು ಸಂಜೀಕ. ಸಂಜೀಕ ನಿನ್ನ ಕೈಯಾಗ ಕಾಸ್ಟಿಕ್ ಯಾಕ ಇತ್ತು, ಹೇಳು. ನಾ ಎದ್ದು ಹೋಗ್ತೀನಿ.”

ಶಾರದಾಬಾಯಿ ಗಂಡನ ಮುಖ ನೋಡಿದಳು. ರಾಯರು ಅವಳ ಕಡೆ ನೋಡಲಿಲ್ಲ.

“ಯಾಕ ಅನ್ನೋದನ್ನ ನಾನೇ ಹೇಳ್ತೀನಿ. ಈ ಅಕ್ಷರ ಇನ್ನೆಲ್ಲೂ ಇರಬಾರದು ಅಂತ ಕಂಪನಿ ಕೇಳ್ತು. ಅಕ್ಷರ ಎಲ್ಲಾ ಕೊರದು ಮುಗದಿದ್ದವು. ಇನ್ನ ಇವನ ಕಣ್ಣು ನಿನಗ ಉಪಯೋಗಿಲ್ಲ. ಬ್ಯಾರೆಯವರಿಗೆ ಉಪಯೋಗ ಬೀಳ್ತಾವ.”

ಪ್ರಾಣೇಶರಾಯರು ಶಲ್ಯ ಸರಿಮಾಡಿಕೊಂಡರು. ಅವರ ದನಿ ಏರಲಿಲ್ಲ. ಗೋಪಾಲನಿಗೆ ಆಮೇಲೆ ಎಷ್ಟೋ ವರ್ಷ ಕಾಡಿದ್ದು ಆ ದನಿ. “ನಾ ಅವನ ಕೊಂದಿಲ್ಲ. ಜೀವ ಇರೂತನ ಅವಗ ಊಟಕ್ಕ ಹಾಕ್ತಿದ್ದೆ. ಅವ ಸೋಲಾಪುರಕ್ಕ ಹೋಗಿ ಇಂಥವೇ ನಾಕು ಕೊರಕೊಟ್ಟಿದ್ರ ಈ ಅಕ್ಷರಕ್ಕ ಏನ ಕಿಮ್ಮತ್ತು ಇರ್ತಿತ್ತು? ಚೆಂದ ಇದ್ದದ್ದು ಒಂದೇ ಇರಬೇಕು. ಮಾಸ್ತರ್‍ರನ್ನ ಕೇಳ್ರಿ, ಅವರು ಓದಿದವರು.”

ಲಾಲ್ ಅಹ್ಮದ್ ಮುನ್ನುಗ್ಗಿದ, ಪೊಲೀಸಿನವನು ಹಿಡಿದುಕೊಂಡ. ಆಗ ಮೊದಲ ಸಲ ಖಂಡೆಪ್ಪ ಬಾಯಿಬಿಟ್ಟ. ಮಾತು ಬಂದ ದಿಕ್ಕಿಗಿಂತ ತುಸು ಪಕ್ಕಕ್ಕೆ ಮುಖ ಮಾಡಿದ್ದ.

“ಅವೆಲ್ಲಾ ಇರಲ್ರಿ. ನನ್ನ ಡಬ್ಬಿ ಕೊಡ್ರಿ.”

“ಡಬ್ಬಿ ಇಲ್ಲ,” ಎಂದರು ರಾಯರು. “ನಿನ್ನೆ ಮೇಲ್ ಗಾಡಿಗೆ ಏಜೆಂಟರು ಒಯ್ದರು. ಕಾಗದ ಆಗ್ಯದ.”

ಸರಸ್ವತಿಬಾಯಿ ಅಮೀನರನ್ನು ನೋಡಿದಳು. ಅವರು ಟೋಪಿಯನ್ನು ಕೈಯಲ್ಲಿ ತಿರುಗಿಸುತ್ತ, “ಉಕ್ಕು ಇವರದು, ಪಗಾರ ಇವರದು. ಮಾಲು ಕಾನೂನಿನ ಪ್ರಕಾರ ಇವರದೇ ಆಗ್ತದ ಬಾಯೀ ಸಾಹೇಬ್. ಮಾರಿದ್ದು ಮಾರಿದ್ದೇ. ನಾ ಮನುಷ್ಯಾನ್ನ ಹಿಡಿಬಹುದು, ಡಬ್ಬಿ ತರಾಕ ಬರಂಗಿಲ್ಲ,” ಎಂದರು. ಪೀರಮ್ಮ ಆ ದೊಡ್ಡ ಹೆಂಗಸಿನ ಮುಖವನ್ನೇ ನೋಡುತ್ತಿದ್ದಳು, ಇನ್ನೂ ಏನೋ ಒಂದು ಯುಕ್ತಿ ಉಳಿದಿರಬೇಕು ಎಂಬಂತೆ. ಸರಸ್ವತಿಬಾಯಿ ಸೆರಗು ಮುಂದೆಳೆದುಕೊಂಡಳು.

“ಹಂಗಾದ್ರ ಅದು ಕೆಟ್ಟು ಬರಲಿ,” ಎಂದ ಖಂಡೆಪ್ಪ, ಮೆಲ್ಲಗೆ. “ಒತ್ತಿದಲ್ಲೆಲ್ಲಾ ಪಾದ ಮುರೀಲಿ. ಮಸಿ ಕಟ್ಟಲಿ. ಯಾರಿಗೂ ಓದಾಕ ಬರಬಾರದು.”

ರಾಯರನ್ನು ಗುಲ್ಬರ್ಗಾ ಜೈಲಿಗೆ ಕಳಿಸಿದರು. ಛಾಪಖಾನೆಗೆ ಬೀಗ ಬಿತ್ತು. ಲಾಲ್ ಅಹ್ಮದ್ ಹೈದರಾಬಾದಿಗೆ ಹೋದ. ಖಂಡೆಪ್ಪ ಪೀರಮ್ಮನ ಜೊತೆ ತನ್ನ ಊರು ತೆಂಗಳಿಗೆ ಹೋಗಿ ಅಣ್ಣನ ಹೊಲದ ಅಂಚಿನಲ್ಲಿ ಹಗ್ಗ ಹೊಸೆಯುತ್ತ ಕೂತ.

ಮುಂದಿನ ಬೇಸಿಗೆಯಲ್ಲಿ ಕಂಪನಿಯಿಂದ ಗೋಪಾಲನ ಹೆಸರಿಗೆ ಒಂದು ಕಟ್ಟು ಬಂತು. ಬಿಚ್ಚಿದರೆ ಪುಸ್ತಕ. ಅಗಲವಾದ ಬಿಳಿ ಅಂಚಿನ ನಡುವೆ ನಾಲ್ಕು ಸಾಲು. ಹೈದರಾಬಾದಿನ ಮುದ್ರಕ ಕೈ ಹಗುರವಾಗಿಟ್ಟು ಒತ್ತಿದ್ದ. ಒಂದು ಪಾದವೂ ಮುರಿದಿರಲಿಲ್ಲ. ಅವನು ಬಾಗಿಲು ಮುಚ್ಚಿಕೊಂಡು ಪುಟಗಳನ್ನು ತಿರುವಿದ. ಕಲ್ಲಿನ ಹೆಸರುಗಳನ್ನು ಓದುವುದು ಮರೆತು ಅಕ್ಷರಗಳನ್ನೇ ನೋಡುತ್ತ ಕೂತ. ಅತ್ತೆ ಊಟಕ್ಕೆ ಕರೆದರೂ ಏಳಲಿಲ್ಲ.

ಆ ತಿಂಗಳೇ ಪರೀಕ್ಷೆಯ ಕೆಲಸದ ಮೇಲೆ ಹೋದವನು ತೆಂಗಳಿಗೂ ಹೋದ. ಖಂಡೆಪ್ಪ ಹೆಜ್ಜೆಯ ಸಪ್ಪಳದಲ್ಲೇ ಗುರುತು ಹಿಡಿದ. “ಬರ್ರಿ ಮಾಸ್ತರ್‍ರ, ಕುಂದ್ರಿ. ಪೀರೀ, ಚಾ ಇಡು.” ಮಳೆ, ಜೋಳ, ಅಣ್ಣನ ಮಕ್ಕಳು ಎಲ್ಲದರ ಮಾತೂ ಆಯಿತು. ಹಗ್ಗದ ಎಳೆ ಅವನ ಬೆರಳುಗಳ ನಡುವೆ ಒಂದೇ ಸಮನೆ, ಒಂದಿಷ್ಟೂ ದಪ್ಪ ತೆಳುವಾಗದೆ ಓಡುತ್ತಿತ್ತು.

“ಆ ಪುಸ್ತಕ ಬಂತೇನ್ರಿ?” ಎಂದ ಖಂಡೆಪ್ಪ. ಕೈ ನಿಂತಿತು. “ಹೆಂಗ ಬಂದಾವ?”

“ನಾ ನೋಡಿಲ್ಲ,” ಎಂದ ಗೋಪಾಲ.

ಖಂಡೆಪ್ಪ ತಲೆಯಾಡಿಸಿ ಮತ್ತೆ ಹಗ್ಗ ಹೊಸೆಯತೊಡಗಿದ. ಪೀರಮ್ಮ ಚಹಾ ತಂದಿಟ್ಟಳು. ಗೋಪಾಲ ಕುಡಿದು ಎದ್ದ.

ಅಷ್ಟು ಚೆಂದದ ಅಕ್ಷರವನ್ನು ತಾನು ಎಲ್ಲೂ ಕಂಡಿಲ್ಲವೆಂದು ಗೋಪಾಲ ಅವನಿಗೆ ಯಾವತ್ತೂ ಹೇಳಲಿಲ್ಲ.